ಬೆಟ್ಟ ಹತ್ತುವವರೇ, ಇಳಿಯಲು ಶಕ್ತಿ ಉಳಿಸಿಕೊಳ್ಳಿ

ದೂರದ ಬೆಟ್ಟ ನುಣ್ಣಗೆ ಎಂಬ ಮಾತು ನಮಗೆಲ್ಲ ಗೊತ್ತು. ಹತ್ತಿರ ಹೋದವರಿಗಷ್ಟೇ ಅದರ ಕಲ್ಲು, ಮುಳ್ಳು, ಏರು, ಜಾರು ತಿಳಿಯುತ್ತವೆ. ನಂದಗುಡಿಯ ಸುತ್ತಮುತ್ತ ಬಯಲು ಸೀಮೆ. ರಾಗಿ ಹೊಲ, ಹಿಪ್ಪುನೇರಳೆ ತೋಟ, ನೀಲಗಿರಿ ತೋಪು, ಕೆರೆ ಇವೇ ಕಣ್ಣಿಗೆ ಬೀಳುವುದು. ಆದರೂ ಒಂದೆರಡು ಗಂಟೆಯ ಪ್ರಯಾಣದಲ್ಲಿ ನಂದಿ, ಸ್ಕಂದಗಿರಿ, ಕೈವಾರ, ಅಂಬಾಜಿದುರ್ಗ, ಕೋಲಾರದ ಅಂತರಗಂಗೆ ಎಲ್ಲವೂ ಸಿಗುತ್ತವೆ. ನಮ್ಮ ಜಿಲ್ಲೆಯಲ್ಲೇ ನೆಲಮಂಗಲದ ಆಚೆ ಶಿವಗಂಗೆ ಇದೆ.

ಹಿಂದೆ ಬೆಟ್ಟ ಹತ್ತುತ್ತಿದ್ದುದು ಹರಕೆ ತೀರಿಸಲು, ಜಾತ್ರೆ ನೋಡಲು ಅಥವಾ ಸೌದೆ ತರಲು. ಈಗ ಚಾರಣ ಒಂದು ಹವ್ಯಾಸವಾಗಿದೆ. ಶನಿವಾರ ರಾತ್ರಿ ಹೊರಟು ಭಾನುವಾರ ಸೂರ್ಯೋದಯಕ್ಕೆ ತುದಿಯಲ್ಲಿರುವವರು ಸಾವಿರಾರು ಮಂದಿ. ಇನ್ನು ಕೆಲವರು ಬೆಟ್ಟದ ಕಾಲುದಾರಿಯಲ್ಲಿ ಓಡುತ್ತಾರೆ. ಇದಕ್ಕೆ ಟ್ರೇಲ್ ರನ್ನಿಂಗ್ ಎಂದು ಹೆಸರು. ಚಿಕ್ಕಮಗಳೂರು ಕಡೆಯ ಕಾಫಿ ತೋಟಗಳ ನಡುವೆ 50 ಕಿ.ಮೀ., 100 ಕಿ.ಮೀ. ದೂರದ ಸ್ಪರ್ಧೆಗಳೂ ನಡೆದಿವೆ.

ಇದು ಸಂತೋಷದ ಸಂಗತಿ. ಬೆಟ್ಟ ಹತ್ತುವುದು ಹೃದಯಕ್ಕೆ, ಶ್ವಾಸಕೋಶಕ್ಕೆ, ಮೂಳೆಗೆ, ಮನಸ್ಸಿಗೆ ಒಳ್ಳೆಯದು. ಆದರೆ ಸೋಮವಾರ ಬೆಳಿಗ್ಗೆ ಮೊಣಕಾಲು ಹಿಡಿದುಕೊಂಡು, ಕುಂಟುತ್ತಾ ವೈದ್ಯರ ಬಳಿ ಬರುವವರನ್ನು ವಿಚಾರಿಸಿದರೆ ಬಹುಮಂದಿ ಹೇಳುವುದು ಒಂದೇ ಮಾತು: 'ಹತ್ತುವಾಗ ಏನೂ ಆಗಲಿಲ್ಲ ಡಾಕ್ಟ್ರೇ, ಇಳಿಯುವಾಗ ಆಯ್ತು.' ಈ ವಾರದ ಲೇಖನದ ತಿರುಳೂ ಇದೇ. ಬೆಟ್ಟದ ತುದಿ ಮುಟ್ಟಿದಾಗ ಪ್ರಯಾಣ ಮುಗಿದಿರುವುದಿಲ್ಲ, ಅರ್ಧವಷ್ಟೇ ಆಗಿರುತ್ತದೆ. ಉಳಿದ ಅರ್ಧಕ್ಕೆ ಕಾಲಿನಲ್ಲಿ, ನೀರಿನ ಬಾಟಲಿಯಲ್ಲಿ, ಗಡಿಯಾರದಲ್ಲಿ ಸಾಕಷ್ಟು ಉಳಿದಿರಬೇಕು.

ಹತ್ತುವಾಗ ದೇಹದಲ್ಲಿ ಏನಾಗುತ್ತದೆ?

ಸಮತಟ್ಟಾದ ನೆಲದಲ್ಲಿ ನಡೆಯುವಾಗ ನಾವು ಮೈಭಾರವನ್ನು ಮುಂದಕ್ಕೆ ಸಾಗಿಸುತ್ತೇವೆ. ಬೆಟ್ಟ ಹತ್ತುವಾಗ ಅದೇ ಭಾರವನ್ನು ಹೆಜ್ಜೆ ಹೆಜ್ಜೆಗೂ ಮೇಲಕ್ಕೆ ಎತ್ತಬೇಕು. ಸುಲ್ತಾನಪೇಟೆಯ ಕಡೆಯಿಂದ ನಂದಿಗೆ ಹತ್ತುವ ದಾರಿಯಲ್ಲಿ ಸುಮಾರು 1,175 ಮೆಟ್ಟಿಲುಗಳಿವೆ. 65 ಕಿಲೋ ತೂಕದವನೊಬ್ಬ ಅಷ್ಟೂ ಸಲ ತನ್ನ 65 ಕಿಲೋ ಎತ್ತುತ್ತಾನೆ ಎಂದರೆ ಶ್ರಮದ ಅಂದಾಜು ಸಿಗುತ್ತದೆ. ಬೆನ್ನಿಗೆ ಚೀಲವಿದ್ದರೆ ಅದರ ಭಾರವೂ ಸೇರುತ್ತದೆ.

ಈ ಕೆಲಸಕ್ಕೆ ತೊಡೆ, ಪೃಷ್ಠ ಮತ್ತು ಮೀನಖಂಡದ ಮಾಂಸಖಂಡಗಳು ಹೆಚ್ಚು ಆಮ್ಲಜನಕ ಬೇಡುತ್ತವೆ. ಅದನ್ನು ಒದಗಿಸಲು ಹೃದಯ ವೇಗವಾಗಿ ಬಡಿಯುತ್ತದೆ, ಉಸಿರು ಜೋರಾಗುತ್ತದೆ, ಮೈ ಬಿಸಿಯಾಗಿ ಬೆವರುತ್ತದೆ. ಹೀಗಾಗಿ ಹತ್ತುವಾಗ ನಿಮ್ಮ ಉಸಿರೇ ನಿಮಗೆ ಎಚ್ಚರಿಕೆ ಕೊಡುತ್ತದೆ. ಏದುಸಿರು ಬಂದಾಗ ಯಾರೂ ಹೇಳದಿದ್ದರೂ ನಿಲ್ಲುತ್ತೀರಿ.

ಸರಿಯಾದ ವೇಗ ತಿಳಿಯಲು ಸುಲಭ ಉಪಾಯವೊಂದಿದೆ. ನಡೆಯುತ್ತಲೇ ಪಕ್ಕದವರೊಂದಿಗೆ ಒಂದು ಪೂರ್ತಿ ವಾಕ್ಯ ಮಾತನಾಡಲು ಸಾಧ್ಯವಾದರೆ ವೇಗ ಸರಿಯಾಗಿದೆ. ಎರಡು ಪದಕ್ಕೆ ಉಸಿರು ಕಟ್ಟಿದರೆ ನಿಧಾನಿಸಿ. ಹಾಡು ಹೇಳುವಷ್ಟು ಉಸಿರಿದ್ದರೆ ಸ್ವಲ್ಪ ಬೇಗ ಹೋಗಬಹುದು.

ಇಳಿಯುವಾಗ ಪೆಟ್ಟು ಏಕೆ?

ಇಳಿಯುವಾಗ ಉಸಿರು ಹಗುರವಾಗುತ್ತದೆ, ಎದೆಬಡಿತ ಕಡಿಮೆಯಾಗುತ್ತದೆ, ಮನಸ್ಸಿಗೆ ಉಲ್ಲಾಸ. ಆದ್ದರಿಂದ ಕೆಲಸ ಸುಲಭವಾಯಿತೆಂದು ತಿಳಿದು ದಾಪುಗಾಲು ಹಾಕುತ್ತೇವೆ. ಇಳಿಯುವಾಗ ಉಸಿರನ್ನು ನಂಬಬೇಡಿ. ಅದು ಕಾಲಿನ ಕಷ್ಟವನ್ನು ಹೇಳುವುದಿಲ್ಲ.

ಬಾವಿಯಿಂದ ಕೊಡ ಸೇದಿದವರಿಗೆ ಇದು ಬೇಗ ಅರ್ಥವಾಗುತ್ತದೆ. ತುಂಬಿದ ಕೊಡವನ್ನು ಮೇಲಕ್ಕೆ ಎಳೆಯುವಾಗ ತೋಳು ದಣಿಯುತ್ತದೆ. ಅದೇ ತುಂಬಿದ ಕೊಡವನ್ನು ಹಗ್ಗ ಹಿಡಿದು ನಿಧಾನವಾಗಿ ಕೆಳಗೆ ಬಿಡಬೇಕಾದರೆ? ದಣಿವು ಅಷ್ಟಿಲ್ಲ, ಆದರೆ ಅಂಗೈ ಸುಲಿಯುತ್ತದೆ. ಇಳಿಜಾರಿನಲ್ಲಿ ತೊಡೆಯ ಮುಂಭಾಗದ ಮಾಂಸಖಂಡ ಮಾಡುವುದು ಇದೇ ಕೆಲಸ. ಅದು ಮೈಭಾರವನ್ನು ಹಿಡಿದುಕೊಂಡೇ ಉದ್ದವಾಗುತ್ತಾ ಹೋಗಬೇಕು, ವಾಹನದ ಬ್ರೇಕಿನಂತೆ. ಹೀಗೆ ಎಳೆತಕ್ಕೆ ಸಿಕ್ಕ ಮಾಂಸಖಂಡದ ಎಳೆಗಳಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಹರಿತಗಳಾಗುತ್ತವೆ. ನೋವು ಆಗಲೇ ಕಾಣಿಸದು. ಮರುದಿನ ಶುರುವಾಗಿ ಎರಡನೆಯ, ಮೂರನೆಯ ದಿನಕ್ಕೆ ಹೆಚ್ಚಾಗುತ್ತದೆ. ಮೆಟ್ಟಿಲಿಳಿಯಲು ಗೋಡೆ ಹಿಡಿಯಬೇಕಾಗುತ್ತದೆ. ಸಾಮಾನ್ಯವಾಗಿ ವಾರದೊಳಗೆ ತಾನೇ ವಾಸಿಯಾಗುತ್ತದೆ.

ಮೊಣಕಾಲಿನ ಪಾಡು ಬೇರೆ. ಇಳಿಯುವಾಗ ಮೊಣಕಾಲು ಬಾಗಿದ ಸ್ಥಿತಿಯಲ್ಲೇ ಮೈಭಾರದ ಹಲವು ಪಟ್ಟು ಒತ್ತಡ ಹೊರುತ್ತದೆ. ಮಂಡಿಚಿಪ್ಪು ತೊಡೆಮೂಳೆಗೆ ಒತ್ತಿ ಉಜ್ಜುತ್ತದೆ. ಮಂಡಿಚಿಪ್ಪಿನ ಸುತ್ತ ನೋವು, ಕುಳಿತು ಏಳುವಾಗ ಚುಚ್ಚಿದಂತಾಗುವುದು ಇದರ ಲಕ್ಷಣ. ಮಾಂಸಖಂಡ ದಣಿದು ಸೋತಷ್ಟೂ ಬ್ರೇಕು ಸಡಿಲವಾಗಿ ಆಘಾತ ನೇರವಾಗಿ ಕೀಲಿಗೆ ಬೀಳುತ್ತದೆ. ದಣಿದ ಕಾಲಿಗೆ ಕಲ್ಲು ತಗುಲಿದರೆ ಪಾದ ಒಳಕ್ಕೆ ಹೊರಳಿ ಕಣಕಾಲು ಉಳುಕುತ್ತದೆ. ತೀರ ಕಡಿದಾದ ಕಡೆ ಜಾರಿ ಬೀಳುವ ಭಯವೂ ಇದೆ.

2022ರ ಫೆಬ್ರವರಿ 20ರಂದು ನಂದಿಯ ಬಳಿಯ ಬ್ರಹ್ಮಗಿರಿಯಲ್ಲಿ ಹತ್ತೊಂಬತ್ತರ ಯುವಕನೊಬ್ಬ ಜಾರಿ ಸುಮಾರು 300 ಅಡಿ ಕೆಳಗಿನ ಬಂಡೆಯ ಮಗ್ಗುಲಲ್ಲಿ ಸಿಕ್ಕಿಕೊಂಡದ್ದು ಹಲವರಿಗೆ ನೆನಪಿರಬಹುದು. ಅವನನ್ನು ಮೇಲೆತ್ತಲು ಯಲಹಂಕದಿಂದ ವಾಯುಪಡೆಯ ಹೆಲಿಕಾಪ್ಟರೇ ಬರಬೇಕಾಯಿತು. ಅವನ ಅದೃಷ್ಟ, ಜೀವ ಉಳಿಯಿತು. ಎಲ್ಲ ಬೆಟ್ಟದ ಬುಡದಲ್ಲೂ ವಾಯುನೆಲೆ ಇರುವುದಿಲ್ಲ.

ಕಾಫಿ ಡಿಕಾಕ್ಷನ್ ಬಣ್ಣದ ಮೂತ್ರ

ಮೈಕೈ ನೋವು ಸಾಮಾನ್ಯವೆಂದೆ. ಆದರೆ ಒಂದು ಲಕ್ಷಣವನ್ನು ಎಂದೂ ಕಡೆಗಣಿಸಬಾರದು. ಅಭ್ಯಾಸವಿಲ್ಲದವರು ಬಿಸಿಲಿನಲ್ಲಿ, ನೀರು ಸಾಲದೆ, ದೀರ್ಘಕಾಲ ಇಳಿಜಾರಿನಲ್ಲಿ ನಡೆದರೆ ಅಥವಾ ಓಡಿದರೆ ಮಾಂಸಖಂಡಗಳು ಬಹಳವಾಗಿ ಒಡೆದು ಅದರೊಳಗಿನ ಮಯೋಗ್ಲೋಬಿನ್ ಎಂಬ ವಸ್ತು ರಕ್ತಕ್ಕೆ ಸೇರುತ್ತದೆ. ಇದು ಮೂತ್ರಪಿಂಡಗಳಿಗೆ ಹಾನಿಕರ. ಆಗ ಮೂತ್ರ ಕಾಫಿ ಡಿಕಾಕ್ಷನ್ ಬಣ್ಣಕ್ಕೆ ತಿರುಗುತ್ತದೆ, ಪ್ರಮಾಣವೂ ಇಳಿಯುತ್ತದೆ. ತೊಡೆ ಬಾತು ಕಲ್ಲಿನಂತಾಗಬಹುದು. ಇಂಥವರು ಅಂದೇ ಆಸ್ಪತ್ರೆಗೆ ಹೋಗಬೇಕು. ನಾಳೆ ನೋಡೋಣ ಎನ್ನುವಂತಿಲ್ಲ.

ಇಲ್ಲಿ ನೋವಿನ ಮಾತ್ರೆಯ ಬಗ್ಗೆ ಒಂದು ಎಚ್ಚರಿಕೆ. ಮೆಡಿಕಲ್ ಶಾಪಿನಲ್ಲಿ ಡೈಕ್ಲೊಫೆನಾಕ್, ಐಬುಪ್ರೊಫೆನ್ ಕೊಂಡು ಹತ್ತುವ ಮೊದಲೇ ನುಂಗುವ ಅಭ್ಯಾಸ ಕೆಲವರಿಗಿದೆ. ದೇಹದಲ್ಲಿ ನೀರು ಕಡಿಮೆಯಾದಾಗ ಈ ಮಾತ್ರೆಗಳು ಮೂತ್ರಪಿಂಡದ ರಕ್ತಪರಿಚಲನೆಯನ್ನು ಕುಗ್ಗಿಸುತ್ತವೆ. ಹೋಗುವ ಮೊದಲೂ ದಾರಿಯಲ್ಲೂ ಇವು ಬೇಡ. ಅನಿವಾರ್ಯವಾದರೆ ಪ್ಯಾರಾಸಿಟಮಾಲ್ ಸಾಕು.

ಮೊದಲು ವೈದ್ಯರನ್ನು ಕಾಣಬೇಕಾದವರು

ಆರೋಗ್ಯವಂತ ಯುವಕ ಯುವತಿಯರಿಗೆ ಸಣ್ಣ ಬೆಟ್ಟ ಹತ್ತಲು ಯಾವ ಪರೀಕ್ಷೆಯೂ ಬೇಕಿಲ್ಲ. ಕೆಳಗಿನವರು ಮಾತ್ರ ವೈದ್ಯರ ಸಲಹೆ ಪಡೆದೇ ಹೊರಡಬೇಕು.

1. ನಲವತ್ತು ದಾಟಿದ್ದು, ಇದುವರೆಗೆ ಯಾವ ವ್ಯಾಯಾಮವನ್ನೂ ಮಾಡದವರು. ವರ್ಷವೆಲ್ಲ ಕುಳಿತಿದ್ದು ಒಂದು ದಿನ ವಿಪರೀತ ಶ್ರಮಪಟ್ಟಾಗಲೇ ಹೃದಯಾಘಾತದ ಸಂಭವ ಹೆಚ್ಚು.

2. ಅಧಿಕ ರಕ್ತದೊತ್ತಡ, ಸಕ್ಕರೆ ಕಾಯಿಲೆ, ಹೃದ್ರೋಗ, ಉಬ್ಬಸ ಇರುವವರು ಮತ್ತು ಬೀಡಿ, ಸಿಗರೇಟು ಸೇದುವವರು.

3. ನಾಲ್ಕು ಮಹಡಿ ಮೆಟ್ಟಿಲು ಹತ್ತಿದರೆ ಎದೆ ಹಿಡಿದಂತಾಗುವವರು, ತಲೆ ಸುತ್ತುವವರು. ಇವರು ಪರೀಕ್ಷೆ ಮುಗಿಯುವವರೆಗೆ ಬೆಟ್ಟದ ಯೋಚನೆಯನ್ನೇ ಬಿಡಬೇಕು.

4. ಮನೆಯಲ್ಲಿ ಚಿಕ್ಕ ವಯಸ್ಸಿನಲ್ಲೇ ಯಾರಾದರೂ ಹಠಾತ್ತನೆ ಸತ್ತಿದ್ದರೆ, ಅಂಥ ಕುಟುಂಬದವರು.

ಮಾತ್ರೆ ತೆಗೆದುಕೊಳ್ಳುವವರಿಗೆ ಇನ್ನೊಂದೆರಡು ಮಾತು. ಅಟೆನೊಲಾಲ್, ಮೆಟೊಪ್ರೊಲಾಲ್ ತೆಗೆದುಕೊಳ್ಳುವವರ ನಾಡಿಬಡಿತ ಎಷ್ಟು ಶ್ರಮಪಟ್ಟರೂ ಹೆಚ್ಚು ಏರುವುದಿಲ್ಲ. ಕೈಗಡಿಯಾರದಲ್ಲಿ ಕಾಣುವ ಸಂಖ್ಯೆಯನ್ನು ನೋಡಿ ಅವರು ಮೋಸ ಹೋಗಬಾರದು. ಮೂತ್ರ ಹೆಚ್ಚಿಸುವ ಮಾತ್ರೆ ನುಂಗುವವರಿಗೆ ನಿರ್ಜಲೀಕರಣ ಬೇಗ ಆಗುತ್ತದೆ. ಇನ್ಸುಲಿನ್ ಅಥವಾ ಗ್ಲಿಮಿಪಿರೈಡ್‌ನಂಥ ಮಾತ್ರೆ ತೆಗೆದುಕೊಳ್ಳುವ ಸಕ್ಕರೆ ಕಾಯಿಲೆಯವರಿಗೆ ದಾರಿಯಲ್ಲಿ ಸಕ್ಕರೆ ಅಂಶ ಕುಸಿಯಬಹುದು. ಅದು ಆ ರಾತ್ರಿ ನಿದ್ದೆಯಲ್ಲಿಯೂ ಆಗಬಹುದು. ಕಿಸೆಯಲ್ಲಿ ಗ್ಲೂಕೋಸ್ ಇರಲಿ, ಔಷಧದ ಪ್ರಮಾಣವನ್ನು ನಿಮ್ಮ ವೈದ್ಯರನ್ನು ಕೇಳಿ ನಿರ್ಧರಿಸಿ.

ತಯಾರಿಗೆ ಕೆರೆ ಏರಿಯೇ ಸಾಕು

'ನಮ್ಮೂರಲ್ಲಿ ಬೆಟ್ಟವೇ ಇಲ್ಲ, ಅಭ್ಯಾಸ ಹೇಗೆ?' ಎಂದು ಕೇಳಬಹುದು. ಮಾಂಸಖಂಡಕ್ಕೆ ಬೇಕಾದ್ದು ಇಳಿಯುವ ಅಭ್ಯಾಸ. ಅದನ್ನು ಕೆರೆ ಏರಿಯ ಇಳಿಜಾರಿನಲ್ಲಿ, ಶಾಲೆಯ ಮೆಟ್ಟಿಲಿನ ಮೇಲೆ, ಮನೆಯ ಜಗಲಿಯ ಅಂಚಿನಲ್ಲಿ ಮಾಡಬಹುದು. ನಮ್ಮ ಗರಡಿ ಮನೆಗಳ ಬಸ್ಕಿ ಇದಕ್ಕೆ ಹೇಳಿಮಾಡಿಸಿದ ವ್ಯಾಯಾಮ. ಒಮ್ಮೆ ಇಳಿಜಾರಿನ ಪೆಟ್ಟು ತಿಂದು ಚೇತರಿಸಿಕೊಂಡ ಮಾಂಸಖಂಡ ಮುಂದಿನ ಕೆಲವು ವಾರಗಳ ಕಾಲ ಅದೇ ಪೆಟ್ಟನ್ನು ಚೆನ್ನಾಗಿ ತಡೆಯುತ್ತದೆ. ಆದ್ದರಿಂದ ದೊಡ್ಡ ಬೆಟ್ಟಕ್ಕೆ ಮೊದಲು ಸಣ್ಣ ಬೆಟ್ಟ ಇಳಿದಿರಬೇಕು. ಎಂಟು ವಾರಗಳ ಕ್ರಮವೊಂದನ್ನು ಕೆಳಗೆ ಕೊಟ್ಟಿದೆ.

ಮೊದಲ ಎರಡು ವಾರ: ವಾರಕ್ಕೆ ನಾಲ್ಕು ದಿನ 40 ನಿಮಿಷ ಬಿರುಸಿನ ನಡಿಗೆ. ಎರಡು ದಿನ ಬಸ್ಕಿ, 10ರಂತೆ ಮೂರು ಸುತ್ತು. ಕೆಳಗೆ ಇಳಿಯಲು ಮನಸ್ಸಿನಲ್ಲೇ ಮೂರರವರೆಗೆ ಎಣಿಸಿ, ಏಳುವಾಗ ಸಹಜವಾಗಿ ಏಳಿ. ಮಂಡಿ ನೋವಿದ್ದರೆ ಅರ್ಧಕ್ಕೆ ನಿಲ್ಲಿಸಿ.

3 ಮತ್ತು 4ನೇ ವಾರ: ನಡಿಗೆಯ ಜೊತೆಗೆ ಎರಡು ದಿನ 20 ನಿಮಿಷ ಕೆರೆ ಏರಿ ಹತ್ತಿ ಇಳಿಯಿರಿ. ಮೆಟ್ಟಿಲಿನ ಮೇಲೆ ಒಂದು ಕಾಲಲ್ಲಿ ನಿಂತು ಇನ್ನೊಂದು ಪಾದವನ್ನು ನಿಧಾನವಾಗಿ ಕೆಳಗಿಳಿಸಿ ಹಿಮ್ಮಡಿಯಿಂದ ನೆಲ ಮುಟ್ಟಿಸಿ, ಮತ್ತೆ ಎತ್ತಿ. ಪ್ರತಿ ಕಾಲಿಗೆ ಹತ್ತು ಸಲ. ಬೆಳಿಗ್ಗೆ ಹಲ್ಲುಜ್ಜುವಾಗ ಒಂದೊಂದೇ ಕಾಲಲ್ಲಿ ನಿಲ್ಲುವುದರಿಂದ ಕಣಕಾಲಿಗೆ ಸಮತೋಲನ ಬರುತ್ತದೆ.

5 ಮತ್ತು 6ನೇ ವಾರ: ಬೆನ್ನಿಗೆ ನಾಲ್ಕೈದು ಕಿಲೋ ಚೀಲ ಹಾಕಿ ಏರಿ ಹತ್ತಿಳಿಯುವ ಅವಧಿಯನ್ನು 40 ನಿಮಿಷಕ್ಕೆ ಹೆಚ್ಚಿಸಿ. ವಾರಕ್ಕೊಮ್ಮೆ ಎರಡು ಮೂರು ಗಂಟೆಯ ದೀರ್ಘ ನಡಿಗೆ ಇರಲಿ.

7ನೇ ವಾರ: ಕೈವಾರದಂಥ ಹತ್ತಿರದ ಬೆಟ್ಟವನ್ನು ಹತ್ತಿ, ಅವಸರವಿಲ್ಲದೆ ಇಳಿಯಿರಿ.

8ನೇ ವಾರ: ಹಗುರ ನಡಿಗೆ, ಒಳ್ಳೆಯ ನಿದ್ದೆ. ಹೊರಡುವ ಹಿಂದಿನ ಮೂರು ದಿನ ಕಠಿಣ ವ್ಯಾಯಾಮ ಬೇಡ.

ಹೊಲದಲ್ಲಿ ದುಡಿಯುವವರಿಗೆ ಇದೆಲ್ಲ ಏಕೆ ಎನ್ನಿಸಬಹುದು. ಅವರ ಹೃದಯ, ಬೆನ್ನು, ತೋಳು ಗಟ್ಟಿ ಎಂಬುದು ನಿಜ. ಆದರೆ ನಮ್ಮ ಹೊಲಗಳು ಸಮತಟ್ಟು. ಇಳಿಜಾರಿನ ಕೆಲಸ ಅವರ ತೊಡೆಗೂ ಹೊಸದೇ.

ಕಾಲುದಾರಿಯಲ್ಲಿ ಓಡುವವರಿಗೆ

ಪೊಲೀಸ್, ಸೈನ್ಯದ ಆಯ್ಕೆಗೆಂದು ಬೆಳಗಿನ ಜಾವ ರಸ್ತೆಯಲ್ಲಿ ಓಡುವ ಹುಡುಗರನ್ನು ನಮ್ಮ ಕಡೆ ಎಲ್ಲ ಊರಲ್ಲೂ ಕಾಣುತ್ತೇವೆ. ಇವರಲ್ಲಿ ಕೆಲವರು ಬೆಟ್ಟದ ಓಟಕ್ಕೂ ಕೈಹಾಕುತ್ತಾರೆ. ರಸ್ತೆಯ ಓಟದ ವೇಗವನ್ನು ಬೆಟ್ಟಕ್ಕೆ ಕೊಂಡೊಯ್ಯಬಾರದು. ಅಲ್ಲಿ ಕಿಲೋಮೀಟರಿಗಿಂತ ಗಂಟೆಯ ಲೆಕ್ಕ ಮೇಲು. ಕಡಿದಾದ ಏರಿನಲ್ಲಿ ನಡೆಯುವುದು ಅವಮಾನವೇನಲ್ಲ. ಹೆಸರಾಂತ ಓಟಗಾರರೂ ಅಲ್ಲಿ ತೊಡೆಯ ಮೇಲೆ ಕೈಯೂರಿ ನಡೆಯುತ್ತಾರೆ. ಇಳಿಯುವಾಗ ಹೆಜ್ಜೆ ಚಿಕ್ಕದಾಗಿ, ಬೇಗ ಬೇಗ ಬೀಳಲಿ. ಮೊಣಕಾಲು ಸ್ವಲ್ಪ ಬಾಗಿರಲಿ. ಹಿಂದಕ್ಕೆ ವಾಲಿದರೆ ಜಾರುವುದು ಹೆಚ್ಚು. ಕಣ್ಣು ಪಾದದ ಬುಡದಲ್ಲಿರದೆ ನಾಲ್ಕೈದು ಹೆಜ್ಜೆ ಮುಂದಿರಲಿ.

ಶೂ ಕೊಳ್ಳುವಾಗ ಅಡಿಯಲ್ಲಿ ಹಲ್ಲುಗಳಿರುವುದನ್ನು ನೋಡಿ. ಬೆರಳಿನ ಮುಂದೆ ಹೆಬ್ಬೆರಳಿನ ಅಗಲದಷ್ಟು ಜಾಗವಿರಬೇಕು. ಇಲ್ಲದಿದ್ದರೆ ಇಳಿಯುವಾಗ ಉಗುರು ಶೂಗೆ ಒತ್ತಿ ರಕ್ತ ಕಟ್ಟಿ ಕಪ್ಪಾಗುತ್ತದೆ. ಹೊಸ ಶೂ ಧರಿಸಿ ನೇರವಾಗಿ ಬೆಟ್ಟಕ್ಕೆ ಹೋಗಬೇಡಿ. ನಡೆದು ಹತ್ತುವವರು ಎರಡು ಕೋಲು ಹಿಡಿದರೆ ಇಳಿಯುವಾಗ ಭಾರದ ಒಂದು ಪಾಲು ತೋಳಿಗೆ ಹೋಗಿ ಮಂಡಿ ಉಳಿಯುತ್ತದೆ. ದನ ಕಾಯುವವರು ಕೋಲಿಲ್ಲದೆ ಗುಡ್ಡಕ್ಕೆ ಹೋಗದಿರುವುದು ಸುಮ್ಮನೆ ಅಲ್ಲ.

ನೀರು, ಉಪ್ಪು, ಬುತ್ತಿ

ಬೆವರಿನಲ್ಲಿ ನೀರಿನೊಂದಿಗೆ ಉಪ್ಪೂ ಹೋಗುತ್ತದೆ. ಬಾಯಾರಿಕೆಯಾದಂತೆ ಗುಟುಕು ಗುಟುಕಾಗಿ ಕುಡಿಯಿರಿ. ಸಾಮಾನ್ಯವಾಗಿ ಗಂಟೆಗೆ ಅರ್ಧ ಲೀಟರ್‌ನ ಆಸುಪಾಸು ಬೇಕಾದೀತು, ಬಿಸಿಲಿದ್ದರೆ ಇನ್ನಷ್ಟು. ಹೆಚ್ಚು ಕುಡಿದಷ್ಟೂ ಒಳ್ಳೆಯದೆಂಬ ನಂಬಿಕೆ ಸರಿಯಲ್ಲ. ಹಲವು ಗಂಟೆ ಬರೀ ನೀರನ್ನೇ ಬಲವಂತವಾಗಿ ಕುಡಿದರೆ ರಕ್ತದಲ್ಲಿ ಸೋಡಿಯಂ ಇಳಿದು ತಲೆನೋವು, ವಾಂತಿ, ಗೊಂದಲ, ಕೊನೆಗೆ ಫಿಟ್ಸ್ ಬರಬಹುದು. ದೀರ್ಘ ಓಟಗಳಲ್ಲಿ ಇದರಿಂದ ಸಾವೂ ಸಂಭವಿಸಿದೆ.

ಎರಡು ಗಂಟೆಗಿಂತ ಹೆಚ್ಚಿನ ದಾರಿಗೆ ಓಆರ್‌ಎಸ್ ಪೊಟ್ಟಣ ಒಯ್ಯಿರಿ. ಅದಿಲ್ಲದಿದ್ದರೆ ಒಂದು ಲೀಟರ್ ಕುಡಿಯುವ ನೀರಿಗೆ ಮಟ್ಟಸವಾಗಿ ಆರು ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು ಬೆರೆಸಿ. ಅಳತೆ ಮೀರಬಾರದು. ಉಪ್ಪು ಹಾಕಿದ ಮಜ್ಜಿಗೆಯೂ ಒಳ್ಳೆಯದೇ. ಮೂತ್ರ ತಿಳಿ ಹುಲ್ಲಿನ ಬಣ್ಣಕ್ಕಿದ್ದರೆ ನೀರು ಸಾಕಾಗಿದೆ ಎಂದರ್ಥ.

ಖಾಲಿ ಹೊಟ್ಟೆಯಲ್ಲಿ ಹತ್ತಬೇಡಿ. ಎರಡು ಗಂಟೆ ಮುಂಚೆ ಇಡ್ಲಿ, ಅವಲಕ್ಕಿ ಅಥವಾ ರಾಗಿ ಗಂಜಿ ಸೇವಿಸಿ. ದಾರಿಯಲ್ಲಿ ಗಂಟೆಗೊಮ್ಮೆ ಬಾಳೆಹಣ್ಣು, ಕಡಲೆಮಿಠಾಯಿ, ಬೆಲ್ಲ ಬೆರೆಸಿದ ರಾಗಿ ಹುರಿಹಿಟ್ಟಿನ ಉಂಡೆ ತಿನ್ನಿ. ನಾಲ್ಕು ಪಾಲಿನ ಬುತ್ತಿಯಲ್ಲಿ ಎರಡು ಪಾಲನ್ನು ಇಳಿಯುವಾಗಿನ ಹೊತ್ತಿಗೆಂದು ಮುಟ್ಟದೆ ಇಡಿ. ನೀರಿಗೂ ಇದೇ ಲೆಕ್ಕ. ಮದ್ಯ ಬೇಡವೇ ಬೇಡ. ಅದು ನಿರ್ಜಲೀಕರಣ ಹೆಚ್ಚಿಸುತ್ತದೆ, ಸಮತೋಲನ ಕೆಡಿಸುತ್ತದೆ.

ಹಿಂತಿರುಗುವ ಗಂಟೆ ಮೊದಲೇ ಗೊತ್ತಿರಲಿ

ಸ್ಕಾಟ್ಲೆಂಡಿನ ವಿಲಿಯಂ ನೈಸ್ಮಿತ್ ಎಂಬ ಪರ್ವತಾರೋಹಿ 1892ರಲ್ಲೇ ಒಂದು ಸರಳ ಲೆಕ್ಕ ಹೇಳಿದ. ಇಂದಿನ ಅಳತೆಯಲ್ಲಿ ಹೇಳುವುದಾದರೆ ಪ್ರತಿ 5 ಕಿ.ಮೀ. ನಡಿಗೆಗೆ ಒಂದು ಗಂಟೆ, ಜೊತೆಗೆ ಪ್ರತಿ 600 ಮೀಟರ್ ಏರಿಗೆ ಮತ್ತೊಂದು ಗಂಟೆ. ಇದು ಗಟ್ಟಿಮುಟ್ಟಾದವರ ಲೆಕ್ಕ, ವಿಶ್ರಾಂತಿಯ ಹೊತ್ತು ಸೇರಿಲ್ಲ.

ಕುಮಾರಪರ್ವತವನ್ನೇ ತೆಗೆದುಕೊಳ್ಳಿ. ಅದರ ಎತ್ತರ 1,712 ಮೀಟರ್. ಕುಕ್ಕೆ ಸುಬ್ರಹ್ಮಣ್ಯದಿಂದ ಹೊರಟರೆ ಒಂದು ಕಡೆಗೆ ಸುಮಾರು 13 ಕಿ.ಮೀ. ದೂರ, ಏರು ಸುಮಾರು 1,600 ಮೀಟರ್. ದೂರಕ್ಕೆ ಎರಡೂವರೆ ಗಂಟೆ, ಏರಿಗೆ ಎರಡೂಮುಕ್ಕಾಲು ಗಂಟೆ, ಒಟ್ಟು ಐದೂಕಾಲು ಗಂಟೆ. ವಿಶ್ರಾಂತಿ ಸೇರಿಸಿದರೆ ಏಳು ಗಂಟೆಯಾಯಿತು. ದಣಿದ ಕಾಲಲ್ಲಿ ಇಳಿಯಲು ಇನ್ನೂ ನಾಲ್ಕೈದು ಗಂಟೆ. ನಂದಿಯ ಮೆಟ್ಟಿಲು ಹತ್ತಿದ್ದೇನೆ, ಇದೇನು ಮಹಾ ಎಂದು ಹೊರಟವರಿಗೆ ಕತ್ತಲಾಗುವುದು ಇಲ್ಲಿಯೇ.

ಹಾಗಾಗಿ ಹೊರಡುವ ಮೊದಲೇ ಹಿಂತಿರುಗುವ ಗಂಟೆಯನ್ನು ಗುಂಪಿನಲ್ಲಿ ಎಲ್ಲರಿಗೂ ಹೇಳಿ ನಿಗದಿಪಡಿಸಿ. ಆ ಗಂಟೆ ಬಡಿದಾಗ ತುದಿ ಕೈಗೆಟುಕುವಷ್ಟು ಹತ್ತಿರವಿದ್ದರೂ ತಿರುಗಬೇಕು. ಗುಂಪಿನ ವೇಗ ಎಂದರೆ ಅತಿ ನಿಧಾನವಾಗಿ ನಡೆಯುವವರ ವೇಗ. ಅವರನ್ನು ಹಿಂದೆ ಬಿಟ್ಟು ಹೋಗಬಾರದು. ಯಾವ ದಾರಿ, ಎಷ್ಟು ಗಂಟೆಗೆ ವಾಪಸು ಎಂಬುದನ್ನು ಮನೆಯಲ್ಲಿ ಬರೆದಿಟ್ಟು ಹೊರಡಿ. 2024ರ ಜನವರಿ ಕೊನೆಯ ರಜೆಯಲ್ಲಿ ಕುಮಾರಪರ್ವತದ ದಾರಿಯಲ್ಲಿ ಜಾತ್ರೆಯಂತೆ ಜನ ಸೇರಿದ ಮೇಲೆ ಅರಣ್ಯ ಇಲಾಖೆ ನಿರ್ಬಂಧ ಹೇರಿ, ಆನ್‌ಲೈನ್‌ನಲ್ಲಿ ಮುಂಚಿತವಾಗಿ ಅನುಮತಿ ಪಡೆಯುವ ವ್ಯವಸ್ಥೆ ತಂದಿತು. ಇದನ್ನು ತೊಂದರೆ ಎಂದು ತಿಳಿಯಬೇಡಿ. ನೀವು ಕಾಡಿನಲ್ಲಿದ್ದೀರಿ ಎಂಬುದು ಒಬ್ಬರಿಗಾದರೂ ಗೊತ್ತಿರುತ್ತದೆ.

ಬಿಸಿಲು ಮತ್ತು ಚಳಿ

ಬಯಲುಸೀಮೆಯ ಬಂಡೆಬೆಟ್ಟಗಳಲ್ಲಿ ನೆರಳಿಲ್ಲ. ಮಾರ್ಚಿಯಿಂದ ಮೇವರೆಗೆ ಬೆಳಿಗ್ಗೆ ಒಂಬತ್ತರೊಳಗೆ ಇಳಿದುಬಿಡಬೇಕು. ತಲೆನೋವು, ವಾಕರಿಕೆ, ಸುಸ್ತು ಬಂದರೆ ನೆರಳಿನಲ್ಲಿ ಕೂರಿಸಿ ಓಆರ್‌ಎಸ್ ಕೊಡಿ. ಮಾತು ತೊದಲಿದರೆ, ಅಸಂಬದ್ಧವಾಗಿ ವರ್ತಿಸಿದರೆ, ಮೈ ಕೆಂಡದಂತೆ ಸುಡುತ್ತಿದ್ದರೆ ಅದು ಬಿಸಿಲಾಘಾತ. ಆಗ ಮೊದಲು ತಂಪು, ನಂತರ ಸಾಗಾಟ. ಬಟ್ಟೆ ಸಡಿಲಿಸಿ, ಇರುವ ನೀರನ್ನೆಲ್ಲ ಮೈಮೇಲೆ ಸುರಿದು ಗಾಳಿ ಬೀಸಿ. ಎಚ್ಚರ ತಪ್ಪಿದವರ ಬಾಯಿಗೆ ನೀರು ಹಾಕಬಾರದು.

ಚಳಿಯ ಅಪಾಯ ನಮ್ಮವರಿಗೆ ಅಷ್ಟು ಪರಿಚಿತವಲ್ಲ. ಒಂದು ಕಿಲೋಮೀಟರ್ ಎತ್ತರಕ್ಕೆ ಸರಾಸರಿ ಆರೂವರೆ ಡಿಗ್ರಿ ಸೆಲ್ಸಿಯಸ್‌ನಷ್ಟು ಉಷ್ಣತೆ ಇಳಿಯುತ್ತದೆ. ಅದಕ್ಕೆ ಮಳೆ, ಗಾಳಿ ಸೇರಿದರೆ 1,930 ಮೀಟರ್ ಎತ್ತರದ ಮುಳ್ಳಯ್ಯನಗಿರಿಯಲ್ಲೂ ಒದ್ದೆಬಟ್ಟೆಯವರ ಮೈಶಾಖ ಇಳಿಯಬಹುದು. ಚೀನಾದ ಗಾನ್ಸು ಪ್ರಾಂತದಲ್ಲಿ 2021ರ ಮೇ 22ರಂದು ನಡೆದ 100 ಕಿ.ಮೀ. ಬೆಟ್ಟದ ಓಟದಲ್ಲಿ ಏಕಾಏಕಿ ಆಲಿಕಲ್ಲು, ಕೊರೆಯುವ ಮಳೆ, ಬಿರುಗಾಳಿ ಬಂದು 21 ಓಟಗಾರರು ಸತ್ತರು. ಅನೇಕರು ತೊಟ್ಟಿದ್ದುದು ತೆಳು ಅಂಗಿ, ಚಡ್ಡಿ. ಸತ್ತವರಲ್ಲಿ ಆ ದೇಶದ ಅಗ್ರ ಓಟಗಾರರೂ ಇದ್ದರು. ದೇಹದಾರ್ಢ್ಯವೊಂದೇ ಕಾಪಾಡುವುದಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ನಡುಕ, ಕೈಬೆರಳು ಹೇಳಿದಂತೆ ಕೇಳದಿರುವುದು, ಎಡವುವುದು, ತೊದಲುವುದು ಮೈಶಾಖ ಇಳಿಯುತ್ತಿರುವುದರ ಗುರುತು. ಜೋರಾದ ನಡುಕ ತಾನಾಗಿ ನಿಂತುಹೋದರೆ ಚೇತರಿಕೆ ಎಂದುಕೊಳ್ಳಬೇಡಿ, ಅದು ಅಪಾಯದ ಗುರುತು. ಒದ್ದೆಬಟ್ಟೆ ತೆಗೆದು ಒಣಬಟ್ಟೆ ಹೊದಿಸಿ, ಗಾಳಿಗೆ ಮರೆ ಮಾಡಿ, ನೆಲದ ತಂಪು ತಾಗದಂತೆ ಕೂರಿಸಿ, ಎಚ್ಚರವಿದ್ದರೆ ಬಿಸಿ ಸಿಹಿ ಪಾನೀಯ ಕೊಡಿ. ಹತ್ತಿಯ ಬಟ್ಟೆ ಒದ್ದೆಯಾದರೆ ಬೇಗ ಒಣಗದು. ಚೀಲದಲ್ಲಿ ಪ್ಲಾಸ್ಟಿಕ್ ಸುತ್ತಿದ ಒಂದು ಉಣ್ಣೆ ಸ್ವೆಟರ್, ಒಂದು ಮಳೆಯಂಗಿ ಸದಾ ಇರಲಿ.

ಹಿಮಾಲಯಕ್ಕೆ ಹೋಗುವವರು

ನಂದಿ, ಮುಳ್ಳಯ್ಯನಗಿರಿಗಳಲ್ಲಿ ಎತ್ತರದ ಕಾಯಿಲೆ ಬರುವುದಿಲ್ಲ. ಅದು ಸಾಮಾನ್ಯವಾಗಿ 2,500 ಮೀಟರ್ ದಾಟಿದ ಮೇಲಿನ ಮಾತು. ಅಲ್ಲಿ ಗಾಳಿಯ ಒತ್ತಡ ಕಡಿಮೆಯಾಗಿ ಒಂದೊಂದು ಉಸಿರಿಗೂ ಸಿಗುವ ಆಮ್ಲಜನಕ ಕಡಿಮೆಯಾಗುತ್ತದೆ. ತಲೆನೋವು, ವಾಕರಿಕೆ, ನಿದ್ದೆ ಬಾರದಿರುವುದು ಆರಂಭದ ಲಕ್ಷಣ. ಆಗ ಮುಂದಕ್ಕೆ ಹತ್ತಬಾರದು. ಸುಮ್ಮನೆ ಕುಳಿತಾಗಲೂ ಏದುಸಿರು, ನೊರೆ ಕಫ, ತೂರಾಡುವ ನಡಿಗೆ, ಗೊಂದಲ ಕಂಡರೆ ರಾತ್ರಿಯಾದರೂ ಕೆಳಗಿಳಿಸಬೇಕು. ಇಳಿಯುವುದೇ ಅದಕ್ಕೆ ಮೊದಲ ಚಿಕಿತ್ಸೆ. 3,000 ಮೀಟರ್ ದಾಟಿದ ಮೇಲೆ ಮಲಗುವ ಜಾಗದ ಎತ್ತರವನ್ನು ದಿನಕ್ಕೆ 500 ಮೀಟರ್‌ಗಿಂತ ಹೆಚ್ಚಿಸಬಾರದು. ಮೂರು ನಾಲ್ಕು ದಿನಕ್ಕೊಮ್ಮೆ ಪೂರ್ತಿ ವಿಶ್ರಾಂತಿ ಬೇಕು. ಅಸೆಟಜೋಲಮೈಡ್ ಮಾತ್ರೆಯನ್ನು ವೈದ್ಯರು ಹೇಳಿದರೆ ಮಾತ್ರ ತೆಗೆದುಕೊಳ್ಳಿ.

2024ರಲ್ಲಿ ಉತ್ತರಾಖಂಡದ ಸಹಸ್ರತಾಲ್‌ಗೆ ಹೋದ 22 ಜನರ ತಂಡದಲ್ಲಿ ಹೆಚ್ಚಿನವರು ನಮ್ಮ ರಾಜ್ಯದವರು. ಜೂನ್ ಮೊದಲ ವಾರದಲ್ಲಿ, ಮೇಲೆ ಹೋಗಿ ಶಿಬಿರಕ್ಕೆ ಮರಳುವಾಗ ಹಿಮಗಾಳಿ ಬೀಸಿತು. ದಾರಿ ಕಾಣದಾಯಿತು. ಒಂಬತ್ತು ಮಂದಿ ತೀರಿಕೊಂಡರು, ಹದಿಮೂರು ಮಂದಿಯನ್ನು ಪಾರುಮಾಡಲಾಯಿತು. ಆ ತಂಡದಲ್ಲಿ ಅನುಭವಿಗಳಿದ್ದರು. ಪ್ರಕೃತಿ ಮುನಿದಾಗ ಯಾರೂ ದೊಡ್ಡವರಲ್ಲ. ಆದರೂ ಕಲಿಯಬೇಕಾದ ಪಾಠವಿದೆ. ಹಿಮಾಲಯದಲ್ಲಿ ಮಧ್ಯಾಹ್ನದ ನಂತರ ಹವೆ ಕೆಡುವುದು ಸಾಮಾನ್ಯ. ಬೇಗ ಹೊರಟು ಬೇಗ ಮರಳುವುದು, ಹವಾಮಾನದ ಮುನ್ಸೂಚನೆ ನೋಡುವುದು, ಚಳಿಬಟ್ಟೆಯನ್ನು ಕುದುರೆಯ ಬೆನ್ನಿಗೆ ಹೇರದೆ ತಮ್ಮ ಚೀಲದಲ್ಲೇ ಇಟ್ಟುಕೊಳ್ಳುವುದು ಪ್ರತಿಯೊಬ್ಬರ ಜವಾಬ್ದಾರಿ.

ದಾರಿಯಲ್ಲಿ ಪೆಟ್ಟಾದರೆ

ಕಣಕಾಲು ಉಳುಕಿದರೆ: ಊತ ಬಂದ ಕಡೆ ಉಜ್ಜಬೇಡಿ, ಎಳೆಯಬೇಡಿ. ಕ್ರೇಪ್ ಬ್ಯಾಂಡೇಜ್ ಸುತ್ತಿ ಕಾಲನ್ನು ಎತ್ತರದಲ್ಲಿಡಿ, ಸಿಕ್ಕರೆ ತಣ್ಣೀರ ಪಟ್ಟಿ ಹಾಕಿ. ನಾಲ್ಕು ಹೆಜ್ಜೆ ಊರಲು ಆಗದಿದ್ದರೆ ಅಥವಾ ಕಣಕಾಲ ಗಂಟಿನ ಹಿಂಬದಿಯ ಮೂಳೆ ಒತ್ತಿದಾಗ ನೋವಾದರೆ ಎಕ್ಸ್‌ರೇ ಬೇಕು.

ಎದೆನೋವು ಬಂದರೆ: ಎದೆಯಲ್ಲಿ ಭಾರ, ದವಡೆ ಅಥವಾ ತೋಳಿಗೆ ಹರಡುವ ನೋವು, ತಣ್ಣನೆ ಬೆವರು ಇದ್ದರೆ ಗ್ಯಾಸ್ಟ್ರಿಕ್ ಎಂದು ತಳ್ಳಿಹಾಕಬೇಡಿ. ಅಲ್ಲೇ ಕೂರಿಸಿ. ಆಸ್ಪಿರಿನ್ ಅಲರ್ಜಿ, ರಕ್ತಸ್ರಾವದ ತೊಂದರೆ ಇಲ್ಲದಿದ್ದರೆ 300 ಅಥವಾ 325 ಮಿಲಿಗ್ರಾಂ ಆಸ್ಪಿರಿನ್ ಅಗಿದು ನುಂಗಲಿ. ನಡೆಸದೆ ಹೊತ್ತು ಇಳಿಸಿ.

ಹಾವು ಕಚ್ಚಿದರೆ: ಕೊಯ್ಯಬಾರದು, ಹೀರಬಾರದು, ಹಗ್ಗ ಬಿಗಿಯಬಾರದು. ಕಚ್ಚಿದ ಕಾಲನ್ನು ಕೋಲಿಗೆ ಕಟ್ಟಿ ಅಲುಗಾಡದಂತೆ ಮಾಡಿ ವಿಷಹರ ಚುಚ್ಚುಮದ್ದಿರುವ ಆಸ್ಪತ್ರೆಗೆ ಒಯ್ಯಿರಿ.

ಹೆಜ್ಜೇನು: ಬಂಡೆಗಳಲ್ಲಿ ಹುಟ್ಟು ಕಂಡರೆ ಕೂಗಾಟ, ಹೊಗೆ, ಸೆಂಟು ಬೇಡ. ಎದ್ದರೆ ಮುಖ ಮುಚ್ಚಿಕೊಂಡು ದೂರ ಸರಿಯಿರಿ. ಅಂಚಿನ ಕಡೆ ಓಡಬೇಡಿ. ಕಡಿದ ಮೇಲೆ ಉಸಿರು ಕಟ್ಟಿದರೆ, ತುಟಿ ಊದಿದರೆ ತಕ್ಷಣ ಆಸ್ಪತ್ರೆ.

ಉಣ್ಣೆ: ಶಿವಮೊಗ್ಗ, ಉತ್ತರ ಕನ್ನಡದಂಥ ಮಲೆನಾಡಿನ ಕಾಡಿಗೆ ಡಿಸೆಂಬರಿನಿಂದ ಮೇ ನಡುವೆ ಹೋಗುವವರು ಮಂಗನ ಕಾಯಿಲೆಯನ್ನು ನೆನಪಿಡಬೇಕು. 1957ರಲ್ಲಿ ಸೊರಬ ತಾಲೂಕಿನ ಕ್ಯಾಸನೂರಿನಲ್ಲಿ ಮೊದಲು ಪತ್ತೆಯಾದ ಈ ರೋಗ ಉಣ್ಣೆಯಿಂದ ಹರಡುತ್ತದೆ. ಮೈಮುಚ್ಚುವ ಬಟ್ಟೆ ತೊಡಿ, ಮರಳಿದ ಮೇಲೆ ಬಿಸಿನೀರಲ್ಲಿ ಮಿಂದು ಮೈಯೆಲ್ಲ ಪರೀಕ್ಷಿಸಿ. ವಾರದೊಳಗೆ ಜ್ವರ ಬಂದರೆ ಕಾಡಿಗೆ ಹೋದದ್ದನ್ನು ವೈದ್ಯರಿಗೆ ತಿಳಿಸಿ.

ಸಹಾಯಕ್ಕೆ 112 ಅಥವಾ 108ಕ್ಕೆ ಕರೆ ಮಾಡಿ. ಫೋನಿಗೆ ಸಿಗ್ನಲ್ ಸಿಗದಿದ್ದರೆ ಸೀಟಿ ಊದಿ. ನಿಮಿಷಕ್ಕೆ ಆರು ಸಲ ಊದಿ, ಒಂದು ನಿಮಿಷ ಬಿಟ್ಟು ಮತ್ತೆ ಊದುವುದು ಪರ್ವತಗಳಲ್ಲಿ ಬಳಸುವ ಆಪತ್ತಿನ ಸಂಕೇತ.

ಹಲವರು ಕೇಳುವ ಪ್ರಶ್ನೆಗಳು

ಬೆಟ್ಟ ಹತ್ತಿದರೆ ಮಂಡಿ ಸವೆಯುತ್ತದೆಯೇ?
ಆರೋಗ್ಯವಂತ ಮಂಡಿ ಕ್ರಮವಾದ ನಡಿಗೆಯಿಂದ ಸವೆಯುವುದಿಲ್ಲ. ತೊಡೆಯ ಬಲ ಹೆಚ್ಚಿದಷ್ಟೂ ಮಂಡಿಗೆ ರಕ್ಷಣೆ. ಈಗಾಗಲೇ ಸಂಧಿವಾತ ಇರುವವರು, ಮೈಭಾರ ಬಹಳ ಇರುವವರು ಮೊದಲು ಸಮತಟ್ಟಿನಲ್ಲಿ ನಡೆದು ತೂಕ ಇಳಿಸಲಿ.

ಮುಟ್ಟಿನ ದಿನಗಳಲ್ಲಿ ಹತ್ತಬಹುದೇ?
ಧಾರಾಳವಾಗಿ. ಹೆಚ್ಚು ಸ್ರಾವವಾಗುವವರು ರಕ್ತಹೀನತೆ ಇದೆಯೇ ಎಂದು ಹಿಮೋಗ್ಲೋಬಿನ್ ಪರೀಕ್ಷಿಸಿಕೊಳ್ಳಲಿ. ಹತ್ತುವಾಗ ಬೇಗ ಏದುಸಿರು ಬರಲು ಇದೂ ಕಾರಣ.

ಮಾರನೆಯ ದಿನದ ನೋವಿಗೆ ಏನು ಮಾಡಬೇಕು?
ಮಲಗಿಯೇ ಇರಬೇಡಿ. ಅರ್ಧ ಗಂಟೆ ನಿಧಾನ ನಡಿಗೆ, ಬಿಸಿನೀರಿನ ಸ್ನಾನ, ಕಾಳು, ಮೊಟ್ಟೆ, ಹಾಲಿನ ಊಟ, ನಿದ್ದೆ ಸಾಕು. ನೋವು ವಾರ ದಾಟಿದರೆ ಅಥವಾ ಒಂದೇ ಮಂಡಿ ಊದಿದರೆ ತೋರಿಸಿ.

ಮುಂದಿನ ಭಾನುವಾರ ಬೆಟ್ಟಕ್ಕೆ ಹೊರಟಿದ್ದರೆ ಸಂತೋಷವಾಗಿ ಹೋಗಿಬನ್ನಿ. ತುದಿಯಲ್ಲಿ ನಿಂತು ಫೋಟೋ ತೆಗೆಯುವ ಮೊದಲು ಮೂರು ಪ್ರಶ್ನೆ ಕೇಳಿಕೊಳ್ಳಿ. ಬಾಟಲಿಯಲ್ಲಿ ಅರ್ಧ ನೀರಿದೆಯೇ? ಬೆಳಕು ಇಳಿಯುವಷ್ಟಿದೆಯೇ? ತೊಡೆ ನಡುಗುತ್ತಿಲ್ಲ ತಾನೇ? ಮೂರಕ್ಕೂ ಸರಿಯಾದ ಉತ್ತರ ಬೇಕಾದರೆ ಹತ್ತುವಾಗಲೇ ಶಕ್ತಿ, ನೀರು, ಹೊತ್ತು ಮೂರನ್ನೂ ಉಳಿಸಿಕೊಂಡು ಹತ್ತಿ. ಬೆಟ್ಟ ಎಲ್ಲಿಗೂ ಹೋಗುವುದಿಲ್ಲ. ಇಂದು ತುದಿ ಮುಟ್ಟದೆ ಮರಳಿದವರು ಇನ್ನೊಂದು ಭಾನುವಾರ ಮುಟ್ಟಬಹುದು.